ಅಂಟಿಸಿದ ನಗು

ನುರಿಸ್ ಆ ಬೆಳಿಗ್ಗೆ ಬಸ್ಸು ಹತ್ತುವಾಗಲೇ ಸಿಡಿಮಿಡಿಗೊಂಡಿದ್ದಳು. ಪುಂತಾ ಕಾನಾದ ಕಡಲತೀರದ ಹೋಟೆಲುಗಳಿಂದ ಪ್ರವಾಸಿಗರನ್ನು ಹತ್ತಿಸಿಕೊಂಡು ಸಾಂತೊ ದೊಮಿಂಗೊಗೆ ರಾಜಧಾನಿಗೆ ಕರೆತಂದು, ಹಳೇ ಊರನ್ನು ತೋರಿಸಿ, ಸಂಜೆ ಮತ್ತೆ ಅವರವರ ಮರಳಿನ ಮೇಲೆ ಬಿಡುವುದು ಅವಳ ಕೆಲಸ. ವರ್ಷಗಳಿಂದ ಅದೇ ಕೋಟೆ, ಅದೇ ಇಗರ್ಜಿ, ಕೊಲಂಬಸನ ಮಗ ಕಟ್ಟಿಸಿದ ಅದೇ ಅರಮನೆ. ಅದಕ್ಕೆಲ್ಲ ಅವಳಿಗೆ ಬೇಸರವಿತ್ತೇ ಹೊರತು ಸಿಟ್ಟಿರಲಿಲ್ಲ. ಸಿಟ್ಟು ಬಂದದ್ದು ಕಚೇರಿಯವರು ಮಧ್ಯಾಹ್ನದ ಊಟದ ಜಾಗ ಬದಲಾಯಿಸಿದ್ದಕ್ಕೆ.

"ನದಿ ದಂಡೆ ಹೋಟ್ಲು ಬೇಡ್ವಂತೆ ಇನ್ಮೇಲೆ," ಎಂದ ಡ್ರೈವರ್ ದಾಮಾಸೊ, ಕನ್ನಡಿ ಒರೆಸುತ್ತ. "ಕೋಟೆ ಹಿಂದಿನ ಬೀದೀಲಿ ಹೊಸದೊಂದು ಶುರು ಮಾಡಿದಾರಂತೆ. ಕಲ್ಲಿನ ಕಮಾನು ಬಾಗಿಲಿನ ಮನೆ. ಗೊತ್ತಾ ನಿಂಗೆ?"

"ಗೊತ್ತಾ ಅಂತ ಕೇಳ್ತೀಯಲ್ಲ! ನಾನು ಹುಟ್ಟಿದ್ದೇ ಆ ಮನೇಲಿ."

ದಾಮಾಸೊ ಶಿಳ್ಳೆ ಹಾಕಿದ. "ಹಂಗಾದ್ರೆ ತವರುಮನೆ ಊಟ ಅನ್ನು."

"ಬಾಯ್ಮುಚ್ಕೊಂಡು ಗಾಡಿ ತೆಗಿ."

ತವರುಮನೆ ಎನ್ನುವಂಥದ್ದೇನೂ ಅದಾಗಿರಲಿಲ್ಲ. ಸ್ಪೇನಿನವರ ಕಾಲದ ಆ ದೊಡ್ಡ ಮನೆಯ ಅಂಗಳದ ಸುತ್ತ ಹತ್ತಾರು ಕೋಣೆಗಳಿದ್ದವು. ಒಂದೊಂದು ಕೋಣೆಗೆ ಒಂದೊಂದು ಸಂಸಾರ, ಎಲ್ಲರಿಗೂ ಸೇರಿ ಒಂದೇ ನಲ್ಲಿ. ಅಂಗಳದಂಚಿನ ಒಂದು ಕೋಣೆಯಲ್ಲಿ ಅಜ್ಜಿ ಕಸಿಲ್ದಾ ಊರವರ ಬಟ್ಟೆ ಇಸ್ತ್ರಿ ಮಾಡುತ್ತ ನುರಿಸ್‌ಳನ್ನು ಸಾಕಿದ್ದಳು. ಕೊಲಂಬಸ್ ಬಂದು ಐನೂರು ವರ್ಷವಾಯಿತೆಂದು ಊರನ್ನು ಸಿಂಗರಿಸಿದ ಕಾಲದಲ್ಲಿ ಮನೆಯ ಒಡೆಯ ಎಲ್ಲ ಬಾಡಿಗೆದಾರರನ್ನೂ ಒಂದೇ ಬೆಳಿಗ್ಗೆ ಬೀದಿಗೆ ಹಾಕಿದ. ಅಜ್ಜಿ ನದಿಯಾಚೆಯ ತಗಡಿನ ಮನೆಗಳ ಕೇರಿಗೆ ಹೋದಳು. ಈಗಲೂ ಅಲ್ಲೇ ಇದ್ದಾಳೆ. ಖಾಲಿ ಮಾಡಿಸಿದ ಮನೆ ಎಷ್ಟೋ ವರ್ಷ ಬಾಗಿಲಿಗೆ ಹಲಗೆ ಹೊಡೆಸಿಕೊಂಡು ಹಾಗೇ ಪಾಳು ಬಿದ್ದಿತ್ತು. ಅದರ ಮುಂದೆ ಹಾದುಹೋದಾಗಲೆಲ್ಲ ಹೊಟ್ಟೆ ಉರಿಯುತ್ತದೆಂದು ನುರಿಸ್ ಈಚೆಗೆ ಆ ಬೀದಿಗೇ ಹೋಗುತ್ತಿರಲಿಲ್ಲ. ಇವರಿಗೆ ಬೇಡವಾಗಿದ್ದರೆ ನಮ್ಮನ್ನು ಯಾಕೆ ಓಡಿಸಿದರು?

ಆ ದಿನದ ಗುಂಪು ಸಾಮಾನ್ಯದ್ದೇ. ಕೆನಡಾದ ನಿವೃತ್ತ ದಂಪತಿಗಳು, ಬಿಸಿಲಿಗೆ ಸೀಗಡಿಯಂತೆ ಕೆಂಪಾಗಿದ್ದ ಇಬ್ಬರು ಜರ್ಮನ್ ಅಣ್ಣತಮ್ಮಂದಿರು, ಮಧುಚಂದ್ರಕ್ಕೆ ಬಂದಿದ್ದ ಒಂದು ಜೋಡಿ. ಕುತ್ತಿಗೆಗೆ ದೊಡ್ಡ ಕ್ಯಾಮೆರಾ ಹಾಕಿಕೊಂಡಿದ್ದ ಹೆಲೆನ್ ಎಂಬ ಹೆಂಗಸು ಮಾತ್ರ ಸಿಕ್ಕಿದ್ದಕ್ಕೆಲ್ಲ ಪ್ರಶ್ನೆ ಕೇಳುತ್ತಿದ್ದಳು. ಕೋಟೆಯ ಗೋಪುರದಿಂದ ನದಿಯಾಚೆ ಬೊಟ್ಟು ಮಾಡಿ, "ಅಲ್ಲಿರೋದು ಏನು?" ಎಂದಳು.

"ಅಲ್ಲಿ ಜನ ಇದಾರೆ," ಎಂದಳು ನುರಿಸ್.

"ನೋಡುವಂಥದ್ದು ಏನಾದ್ರೂ ಇದೆಯಾ?"

"ಇಲ್ಲ. ಜನ ಇದಾರೆ, ಅಷ್ಟೇ."

ಊಟದ ಹೊತ್ತಿಗೆ ಎಲ್ಲರೂ ಬೆವರಿ ಸುಸ್ತಾಗಿದ್ದರು. ಕೋಟೆ ಹಿಂದಿನ ಬೀದಿಗೆ ತಿರುಗಿದಾಗ ನುರಿಸ್‌ಗೆ ಮೊದಲು ಕಂಡದ್ದು ಬಾಗಿಲ ಮೇಲಿನ ಬೋರ್ಡು. 'ಲಾ ಅಬುವೆಲಾ ಕೊಂತೆಂತಾ', ಖುಷಿ ಅಜ್ಜಿ. ಅಕ್ಷರಗಳ ಪಕ್ಕದಲ್ಲಿ ಒಂದು ಮುಖ. ತಲೆಗೆ ಬಟ್ಟೆ ಕಟ್ಟಿ, ಬಾಯಲ್ಲಿ ಚುಟ್ಟ ಇಟ್ಟುಕೊಂಡು, ಕಿವಿಯಿಂದ ಕಿವಿಯವರೆಗೆ ನಗುತ್ತಿರುವ ಕಪ್ಪು ಹೆಂಗಸು. ನುರಿಸ್ ಅದನ್ನು ನೋಡಿಯೂ ನೋಡದಂತೆ ಒಳಗೆ ಹೋದಳು. ಇಂಥ ಅಜ್ಜಿಯರ ಚಿತ್ರ ಊರಿನ ಎಲ್ಲ ರಮ್ ಬಾಟಲಿಗಳ ಮೇಲೂ ಇರುತ್ತದೆ.

ನಲ್ಲಿಯಿದ್ದ ಕಡೆ ಕಾರಂಜಿ ಬಂದಿತ್ತು. ಅವರ ಕೋಣೆಯಿದ್ದಲ್ಲಿ ಗೋಡೆ ಒಡೆದು ಮದ್ಯದ ಬಾರು ಮಾಡಿದ್ದರು. ಎಲ್ಲರನ್ನೂ ಕೂರಿಸಿ, ಮೀನು ಯಾರಿಗೆ ಕೋಳಿ ಯಾರಿಗೆ ಎಂದು ಕೇಳಿ ಹೇಳಿ, ನುರಿಸ್ ಕೈ ತೊಳೆಯಲು ಹಿಂದಿನ ಓಣಿಗೆ ಹೋದಳು. ತೊಳೆದು ತಿರುಗಿ ನೋಡಿದರೆ, ಪಾಯಖಾನೆಯ ಪಕ್ಕದ ಗೋಡೆಯ ಮೇಲೆ ಕಪ್ಪುಬಿಳುಪಿನ ದೊಡ್ಡ ಫೋಟೊ ತೂಗುಹಾಕಿದ್ದರು.

ಅದೇ ಕಮಾನು ಬಾಗಿಲು. ಹೊಸ್ತಿಲ ಮೇಲೆ ಅಜ್ಜಿ. ಎಡ ಹುಬ್ಬನ್ನು ಸೀಳಿದ ಸುಟ್ಟಗಾಯದ ಗುರುತು ಸ್ಪಷ್ಟವಾಗಿ ಕಾಣುತ್ತಿತ್ತು. ಸೀಮೆಎಣ್ಣೆ ಒಲೆ ಸಿಡಿದು ಆದದ್ದು. ಬಾಯಲ್ಲಿ ಚುಟ್ಟವೇನೋ ಇತ್ತು. ಆದರೆ ನಗು? ಆ ಮುಖದಲ್ಲಿ ನಗುವಿನ ಸುಳಿವೂ ಇರಲಿಲ್ಲ. ದವಡೆ ಬಿಗಿದು, ನೋಡುವವರನ್ನು ಸುಟ್ಟುಬಿಡುವ ಹಾಗೆ ನೋಡುತ್ತಿದ್ದಳು. ಪಕ್ಕದಲ್ಲಿ ಸುರುಳಿ ಸುತ್ತಿದ ಹಾಸಿಗೆ, ಇಸ್ತ್ರಿ ಮೇಜು, ಬಟ್ಟೆಯ ಗಂಟು. ಫೋಟೊದ ಅಂಚಿನಲ್ಲಿ ಅಜ್ಜಿಯ ಲಂಗವನ್ನು ಹಿಡಿದ ಒಂದು ಪುಟ್ಟ ಕೈ, ಮಣಿಕಟ್ಟಿನವರೆಗೆ ಮಾತ್ರ.

ನುರಿಸ್ ತನ್ನ ಕೈಯನ್ನು ನೋಡಿಕೊಂಡಳು. ನೀರು ಇನ್ನೂ ತೊಟ್ಟಿಕ್ಕುತ್ತಿತ್ತು.

ಅವಳು ಅಂಗಳಕ್ಕೆ ವಾಪಸು ಬಂದಾಗ ಊಟ ಬಡಿಸಿಯಾಗಿತ್ತು. ಆಗ ಕಣ್ಣಿಗೆ ಬಿತ್ತು: ಮೆನು ಮೇಲೆ ಅಜ್ಜಿ, ಮಾಣಿಗಳ ಅಂಗಿಯ ಮೇಲೆ ಅಜ್ಜಿ, ಪ್ರತಿ ತಟ್ಟೆಯ ಪಕ್ಕದಲ್ಲಿ ಮಡಿಸಿಟ್ಟ ಕಾಗದದ ಕರವಸ್ತ್ರದ ಮೇಲೂ ಅಜ್ಜಿ. ಜರ್ಮನ್ ಅಣ್ಣ ಕರಿದ ಮೀನು ಕಡಿದು, ಎಣ್ಣೆ ಮೆತ್ತಿದ ತುಟಿಯನ್ನು ಅಜ್ಜಿಯ ಮುಖದಿಂದ ಒರೆಸಿ, ಮುದ್ದೆ ಮಾಡಿ ಮೀನಿನ ಮುಳ್ಳಿನ ಪಕ್ಕಕ್ಕೆ ಎಸೆದ.

ನುರಿಸ್‌ಗೆ ಸಿಟ್ಟು ನೆತ್ತಿಗೇರಿತು. ಮೇಜಿನಿಂದ ಮೇಜಿಗೆ ಹೋಗಿ ಒಂದೊಂದೇ ಕರವಸ್ತ್ರ ಕಿತ್ತುಕೊಂಡಳು. ಮಧುಚಂದ್ರದ ಹುಡುಗಿ ಬಾಯಿ ಒರೆಸಿಕೊಳ್ಳುತ್ತಿದ್ದಾಗಲೇ ಕೈಯಿಂದ ಎಳೆದಳು.

"ಏನಾಯ್ತು?" ಎಂದಳು ಹೆಲೆನ್ ಗಾಬರಿಯಿಂದ. "ಅದರಲ್ಲಿ ಏನಾದ್ರೂ ಹುಳ ಇದೆಯಾ?"

"ಇದು ನಮ್ಮಜ್ಜಿ. ಬಾಯಿ ಒರೆಸ್ಕೋಬೇಡಿ."

ಜನ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ತಮಾಷೆ ಇರಬೇಕೆಂದು ಯಾರೋ ನಕ್ಕರು. ಅಷ್ಟರಲ್ಲಿ ಹೋಟೆಲಿನ ಒಡೆಯ ಗೊನ್ಸಾಲೊ ಓಡಿಬಂದ. ಬಿಳಿ ಲಿನನ್ ಅಂಗಿ ತೊಟ್ಟಿದ್ದ ಮೂವತ್ತರ ಹುಡುಗ. ಮನೆಯನ್ನು ಹಳೇ ಒಡೆಯನಿಂದ ಕೊಂಡವನು.

"ಏನಕ್ಕ ಇದು, ಗಿರಾಕಿಗಳ ಮುಂದೆ?"

"ಆ ಫೋಟೊ ಎಲ್ಲಿಂದ ತಂದೆ?"

"ವಿದೇಶಿ ಫೋಟೊಗ್ರಾಫರ್ ಒಬ್ಬರದ್ದು. ಹಕ್ಕು ಸಮೇತ ಕೊಂಡಿದೀನಿ. ಎಲ್ಲಾ ಕಾನೂನು ಪ್ರಕಾರವೇ ಇದೆ."

"ಅವಳ ಹೆಸರು ಕಸಿಲ್ದಾ. ಈ ಮನೇಲೇ ಇದ್ಲು. ನಿನ್ನ ಬಾರು ಇದೆಯಲ್ಲ, ಅಲ್ಲಿ ಮಲಗ್ತಿದ್ವಿ ನಾವು."

ಗೊನ್ಸಾಲೊನ ಮುಖ ಅರಳಿತು. ನುರಿಸ್ ಆ ಮೇಲೆ ಎಷ್ಟೋ ಸಲ ನೆನೆಸಿಕೊಂಡು ಹಲ್ಲು ಕಡಿದದ್ದು ಅವನ ಆ ಸಂತೋಷಕ್ಕೇ. ಅವನು ಜಗಳಕ್ಕೆ ಬಂದಿದ್ದರೆ ಎಷ್ಟೋ ವಾಸಿಯಿತ್ತು.

"ದೇವರೇ! ಬದುಕಿದಾರಾ? ಕರ್ಕೊಂಡ್ಬನ್ನಿ ಅಕ್ಕ! ಭಾನುವಾರ ಬಾಗಿಲಲ್ಲಿ ಕೂರಿಸೋಣ. ಒಂದು ಚುಟ್ಟ ಕೊಡೋಣ. ಊಟ ನಮ್ಮದೇ. ಜನ ಸಾಲುಗಟ್ಟಿ ಬರ್ತಾರೆ."

ನುರಿಸ್ ಅವನಿಗೆ ಬೆನ್ನು ತಿರುಗಿಸಿದಳು. ಬೀದಿಗೆ ಬಂದು ಅಜ್ಜಿಗೆ ಫೋನ್ ಮಾಡಿದಳು. ಒಂದೇ ಉಸಿರಿನಲ್ಲಿ ಎಲ್ಲ ಹೇಳಿದಳು.

"ನಗ್ತಿದೀನಾ ನಾನು?" ಎಂದಳು ಅಜ್ಜಿ.

"ಬೋರ್ಡಲ್ಲಿ ನಗ್ತಿದೀಯ. ಫೋಟೊದಲ್ಲಿ ಇಲ್ಲ."

"ಅಲ್ಲೇ ಇರು. ಬರ್ತೀನಿ."

"ಅಜ್ಜಿ, ಈ ಬಿಸಿಲಲ್ಲಿ ಹೆಂಗೆ..."

ಫೋನ್ ಆಗಲೇ ಕಟ್ಟಾಗಿತ್ತು.

ಎಂಬತ್ತು ದಾಟಿದ ಕಸಿಲ್ದಾ ಪಕ್ಕದ ಮನೆಯವನ ಬೈಕಿನ ಹಿಂದೆ ಅಡ್ಡ ಕೂತು ಸೇತುವೆ ದಾಟಿ ಬಂದಳು. ಪೂಜೆಗೆ ಇಗರ್ಜಿಗೆ ಹೋಗುವಾಗ ಉಡುವ ನೀಲಿ ಉಡುಪು ಹಾಕಿಕೊಂಡಿದ್ದಳು. ಬೈಕಿನಿಂದ ಇಳಿದು, ಲಂಗ ಕೊಡವಿ, ತಲೆಯೆತ್ತಿ ಬೋರ್ಡನ್ನು ನೋಡಿದಳು. ಬಾಗಿಲ ಬಳಿ ಗುಂಪುಗಟ್ಟಿದ್ದ ಪ್ರವಾಸಿಗರೂ ನೋಡಿದರು, ಒಮ್ಮೆ ಬೋರ್ಡಿನತ್ತ, ಒಮ್ಮೆ ಅವಳತ್ತ. ಹುಬ್ಬಿನ ಗಾಯದ ಗುರುತು ಎರಡರಲ್ಲೂ ಇತ್ತು.

ಗೊನ್ಸಾಲೊ ಎರಡೂ ಕೈ ಚಾಚಿ ಮುಂದೆ ಬಂದ. "ಬನ್ನಿ ಅಜ್ಜಿ, ಬನ್ನಿ! ಇದು ನಿಮ್ಮದೇ ಮನೆ ಅಂದ್ಕೊಳ್ಳಿ!"

"ಅಂದ್ಕೊಳ್ಳೋದೇನು? ಇಲ್ಲೇ ಇದ್ದೋಳು ನಾನು," ಎಂದಳು ಕಸಿಲ್ದಾ. "ಆ ಬಾಯಿ ಯಾರದ್ದು?"

"ಯಾವ ಬಾಯಿ?"

"ಮೇಲಿದೆಯಲ್ಲ, ಅದು. ಕಣ್ಣು ನಂದು, ಹುಬ್ಬು ನಂದು. ಬಾಯಿ ನಂದಲ್ಲ. ಯಾವಳ ನಗು ತಂದು ನನ್ನ ಮುಖಕ್ಕೆ ಅಂಟಿಸಿದೀಯ?"

"ಅದು... ಕಲಾವಿದರು ಸ್ವಲ್ಪ ಬದಲಾಯಿಸಿದಾರೆ ಅಜ್ಜಿ. ಊಟಕ್ಕೆ ಬರೋರಿಗೆ ಸಂತೋಷ ಆಗ್ಲಿ ಅಂತ."

"ಇಳಿಸು."

"ಅಜ್ಜಿ, ಹಕ್ಕು ಕೊಂಡಿದೀನಿ ನಾನು."

"ನನ್ನ ಮೂತೀನ ನಾನು ಯಾರಿಗೂ ಮಾರಿಲ್ಲ. ಇಳಿಸು."

ಅವನು ಇಳಿಸಲಿಲ್ಲ. ಕಸಿಲ್ದಾ ಅವನನ್ನು ದಾಟಿ ಒಳಗೆ ನಡೆದಳು. ಕಾರಂಜಿಯ ಕಡೆ ಕಣ್ಣೆತ್ತಿಯೂ ನೋಡಲಿಲ್ಲ. ಓಣಿಯಲ್ಲಿದ್ದ ಫೋಟೊವನ್ನು ಮೊಳೆಯಿಂದ ಎತ್ತಿ ಕಂಕುಳಿಗೆ ಸೇರಿಸಿಕೊಂಡು ಬಂದಳು. ಮಾಣಿಯೊಬ್ಬ ಅಡ್ಡ ನಿಂತ. ಆಕೆ ನೋಡಿದ ರೀತಿಗೆ ಪಕ್ಕಕ್ಕೆ ಸರಿದ.

"ಅದು ನನ್ನ ಆಸ್ತಿ!" ಎಂದು ಗೊನ್ಸಾಲೊ ಕೂಗಿದ. ಈಗ ಅವನ ದನಿಯಲ್ಲಿ 'ಅಜ್ಜಿ' ಇರಲಿಲ್ಲ. "ಪೊಲೀಸರನ್ನ ಕರೀತೀನಿ!"

"ಕರಿ. ಹಿಂದಿನ ಸಲಾನೂ ಅವರೇ ಬಂದಿದ್ರು. ದಾರಿ ಗೊತ್ತಿದೆ ಅವರಿಗೆ."

ಹಾಗೆಂದು ಕಸಿಲ್ದಾ ಹೊಸ್ತಿಲ ಮೇಲೆ ಕೂತುಬಿಟ್ಟಳು. ಫೋಟೊವನ್ನು ಬೀದಿಗೆ ಕಾಣುವ ಹಾಗೆ ಮಂಡಿಗೆ ಒರಗಿಸಿಕೊಂಡಳು. ಒಳಗೆ ಹೋಗಬೇಕೆಂದರೆ ಅವಳನ್ನು ದಾಟಬೇಕು. ದಾಟುವ ಧೈರ್ಯ ಯಾರಿಗೂ ಬರಲಿಲ್ಲ. ಇನ್ನೊಂದು ಕಂಪನಿಯ ಪ್ರವಾಸಿಗರ ಗುಂಪು ಬಂದು, ನಿಂತು, ಅವಳ ಮುಖ ನೋಡಿ, ಪಕ್ಕದ ಹೋಟೆಲಿಗೆ ಹೋಯಿತು.

ಹೆಲೆನ್ ನುರಿಸ್‌ಳ ಬಳಿ ಬಂದು ಪಿಸುಗುಟ್ಟಿದಳು. "ಎಂಥ ಮುಖ! ಎಂಥ ಶಕ್ತಿ! ಒಂದೇ ಒಂದು ಫೋಟೊ ತೆಗೀಬಹುದಾ?"

ನುರಿಸ್ ಅವಳ ಕಡೆ ತಿರುಗಿದಳು. ಆಗ ಅವಳ ಮುಖ ಹೇಗಿತ್ತೋ, ಹೆಲೆನ್ ಕ್ಯಾಮೆರಾಕ್ಕೆ ಮುಚ್ಚಳ ಹಾಕಿಕೊಂಡು ಹಿಂದೆ ಸರಿದಳು.

ಕಚೇರಿಯಿಂದ ಫೋನ್ ಬಂತು. ಮೇಲ್ವಿಚಾರಕಿ ಕಿರುಚುತ್ತಿದ್ದಳು: ಹೋಟೆಲಿನವನು ದೂರು ಕೊಟ್ಟಿದ್ದಾನೆ, ಊಟ ಅರ್ಧಕ್ಕೆ ನಿಂತಿದೆ, ನಿನಗೆ ತಲೆ ಕೆಟ್ಟಿದೆಯಾ, ಈಗಿಂದೀಗ ಗುಂಪನ್ನು ಬಸ್ಸು ಹತ್ತಿಸು. ಬೀದಿಯ ಕೊನೆಯಲ್ಲಿ ದಾಮಾಸೊ ಹಾರನ್ ಒತ್ತುತ್ತಿದ್ದ.

"ಹೋಗು," ಎಂದಳು ಅಜ್ಜಿ.

"ನಿನ್ನ ಬಿಟ್ಟು ಹೋಗಲ್ಲ ನಾನು."

"ಅವರ್ನೆಲ್ಲ ಇಲ್ಲಿ ಬಿಟ್ರೆ ನಾಳೆ ಇವನು ಅದನ್ನೇ ಹೇಳ್ತಾನೆ, ಇವಳಿಗೆ ಕೆಲಸ ಮಾಡಕ್ಕೆ ಬರಲ್ಲ ಅಂತ. ಹೋಗು ಮಗಳೇ. ನಂಗಿಲ್ಲಿ ನೆರಳಿದೆ."

ನುರಿಸ್ ಹೋದಳು. ಸಿಟ್ಟಿನಲ್ಲೇ ತಲೆ ಎಣಿಸಿದಳು, ಸಿಟ್ಟಿನಲ್ಲೇ ಬಾಗಿಲು ಎಳೆದಳು. ವಾಪಸು ಬರುವಾಗ ಕಬ್ಬಿನ ಗದ್ದೆಗಳ ಉದ್ದಕ್ಕೂ ಹೇಳಬೇಕಾದ ಸಕ್ಕರೆಯ ಕಥೆಯೊಂದಿತ್ತು, ಹೇಳಲಿಲ್ಲ. ಜರ್ಮನ್ ತಮ್ಮ ಮೆಲ್ಲಗೆ ಬಂದು, ನಮಗೆ ಬಹಳ ಬೇಸರವಾಯಿತು ಎಂದ. ಅವನ ಬೇಸರಕ್ಕೂ ಅವಳಿಗೆ ಸಿಟ್ಟು ಬಂತು. ಪಾಪ, ಅವನೇನು ಮಾಡಿದ್ದ ಎಂದು ಗೊತ್ತಿದ್ದೂ ಬಂತು. "ಕೂತ್ಕೊಳ್ಳಿ, ರಸ್ತೆ ಸರಿಯಿಲ್ಲ," ಎಂದಷ್ಟೇ ಹೇಳಿದಳು.

ಪೊಲೀಸರು ಬಂದದ್ದು ನಿಜ. ಅವರಲ್ಲೊಬ್ಬ ನದಿಯಾಚೆಯ ಕೇರಿಯವನೇ. ಅವನು ಕಸಿಲ್ದಾಗೆ ನೀರು ತರಿಸಿಕೊಟ್ಟು, ಕತ್ತಲಾಗುವ ಮೊದಲು ತನ್ನ ಗಾಡಿಯಲ್ಲೇ ಫೋಟೊ ಸಮೇತ ಮನೆಗೆ ಬಿಟ್ಟ. ಮಾರನೆಯ ದಿನ ಅವಳು ಮತ್ತೆ ಬಂದು ಕೂತಳು. ಮೂರನೆಯ ದಿನವೂ ಬಂದಳು. ಈ ಸಲ ಕೇರಿಯ ಇನ್ನೂ ಮೂವರು ಮುದುಕಿಯರು ಕುರ್ಚಿ ಹೊತ್ತುಕೊಂಡು ಜೊತೆಗೆ ಬಂದಿದ್ದರು. ಒಂದು ಕಾಲಕ್ಕೆ ಅದೇ ಅಂಗಳದ ನಲ್ಲಿಯ ಮುಂದೆ ಕೊಡಕ್ಕಾಗಿ ಕಸಿಲ್ದಾ ಜೊತೆ ಕಿತ್ತಾಡಿದವರು ಅವರು. ಕೊನೆಗೆ ಗೊನ್ಸಾಲೊ ಬೋರ್ಡಿನ ಮೇಲೆ ಬಣ್ಣ ಬಳಿಸಿ, ಮುಖದ ಜಾಗದಲ್ಲಿ ಗಿಳಿಯೊಂದನ್ನು ಬರೆಸಿದ. ಕ್ಷಮೆ ಮಾತ್ರ ಕೇಳಲಿಲ್ಲ. ಹೆಸರನ್ನೂ ಬದಲಾಯಿಸಲಿಲ್ಲ.

ಕಂಪನಿಯವರು ನುರಿಸ್‌ಳನ್ನು ತೆಗೆದುಹಾಕಲಿಲ್ಲ. ಹಳೇ ಊರಿನ ಪ್ರವಾಸದಿಂದ ಬಿಡಿಸಿ ದ್ವೀಪಕ್ಕೆ ಹೋಗುವ ದೋಣಿಗೆ ಹಾಕಿದರು. ಅಲ್ಲಿ ಇತಿಹಾಸವಿಲ್ಲ, ಬೆಳಿಗ್ಗೆಯಿಂದ ರಮ್ ಕುಡಿದವರಿಗೆ ಸೊಂಟ ಕುಣಿಸುವುದನ್ನು ಕಲಿಸಬೇಕು. ಸಂಬಳ ಬೇಕಲ್ಲ, ಕಲಿಸುತ್ತಾಳೆ.

ರಜೆಯ ಮೊದಲ ದಿನ ಅವಳು ಅಜ್ಜಿಯ ಮನೆಗೆ ಹೋದಳು. ಫೋಟೊ ಮಂಚದ ಹಿಂದೆ, ಮುಖ ಗೋಡೆಗೆ ತಿರುಗಿಸಿ ಇಟ್ಟಿತ್ತು.

"ಹಾಕ್ಕೊಳ್ಳಲ್ವಾ ಅಜ್ಜಿ? ಅಷ್ಟು ಜಗಳ ಆಡಿ ತಂದೆ."

"ನನಗ್ಯಾಕೆ ಅದು? ಅವನ ಗೋಡೆ ಮೇಲೆ ಇರಬಾರದು ಅಂತ ತಂದೆ." ಕಸಿಲ್ದಾ ಬಾಳೆಕಾಯಿ ಹೋಳುಗಳನ್ನು ಎಣ್ಣೆಗೆ ಬಿಡುತ್ತಿದ್ದಳು.

"ಯಾರನ್ನ ಹಂಗೆ ನೋಡ್ತಿದ್ದೆ ಅವತ್ತು? ಮನೆ ಒಡೆಯನನ್ನಾ?"

"ಒಡೆಯ ಎಲ್ಲಿ ಬಂದಿದ್ದ, ಆಳು ಕಳಿಸಿದ್ದ. ನಾನು ನೋಡ್ತಿದ್ದದ್ದು ಫೋಟೊ ತೆಗೀತಿದ್ದೋನ್ನ." ಅಜ್ಜಿ ಸೌಟನ್ನು ಬಾಣಲೆಯಂಚಿಗೆ ಕುಟ್ಟಿದಳು. "ನಿನ್ನ ಕೈ ಬಿಟ್ರೆ ಎಲ್ಲಿ ಗಾಡಿ ಕೆಳಗೆ ಹೋಗ್ತೀಯೋ ಅಂತ ನಂಗೆ ಭಯ. ಹಾಸಿಗೆ ಹೊರೋಕೆ ಇನ್ನೊಬ್ರಿಲ್ಲ. ಅವನು ಆರಡಿ ಗಂಡಸು. ಎರಡೂ ಕೈ ನೆಟ್ಟಗಿದ್ವು. ಮಂಡಿಯೂರಿ, ಹಿಂದೆ ಹೋಗಿ, ಮುಂದೆ ಬಂದು, ಎಷ್ಟು ಹೊತ್ತು ತೆಗೆದ ಗೊತ್ತಾ? ಒಂದು ಗಂಟು ಎತ್ತಿಕೊಡ್ಲಿಲ್ಲ."

ನುರಿಸ್ ಎದ್ದು ತಟ್ಟೆಗಳನ್ನು ಇಳಿಸಿದಳು.

"ಕೈ ತೊಳ್ಕೊ," ಎಂದಳು ಅಜ್ಜಿ. "ನಾಳೆ ಬೇಗ ಏಳ್ಬೇಕು ನಾನು. ಬೋರ್ಡ್ ಮೇಲೆ ಆ ಹೆಸರು ಇನ್ನೂ ಅಲ್ಲೇ ಇದೆ."