ತಿದ್ದಿದ ಗೆರೆ

ಸೊಸೆ ಕೆಲಸ ಮಾಡುವ ಕಂಪನಿಯದು ಕಂಪ್ಯೂಟರ್ ಮೌಸನ್ನು ಪಳಗಿಸುವ ಸಾಫ್ಟ್‌ವೇರ್. ಯಾವ ಬಟನ್ ಒತ್ತಿದರೆ ಏನಾಗಬೇಕು, ಪರದೆಯ ಮೇಲಿನ ಬಾಣ ಎಷ್ಟು ಜೋರಾಗಿ ಓಡಬೇಕು, ಎಲ್ಲವನ್ನೂ ಅದರಲ್ಲಿ ಹೊಂದಿಸಿಕೊಳ್ಳಬಹುದು. ಕೈ ನಡುಗುವವರಿಗೆಂದು ಅವಳೇ ಕೂತು ಮಾಡಿದ ಚೌಕವೊಂದಿತ್ತು. ಅದಕ್ಕೆ ಟಿಕ್ ಹಾಕಿದರೆ, ಕೈ ಎಷ್ಟೇ ಅದುರಲಿ, ಪರದೆಯ ಮೇಲೆ ಗೆರೆ ನೆಟ್ಟಗೆ ಬೀಳುತ್ತಿತ್ತು.

ಮಾವ ಅಂಗಡಿಗಳ ಬೋರ್ಡು ಬರೆಯುವವರು. ಕೈ ನಡುಗಲು ಶುರುವಾದ ಮೇಲೆ ಬ್ರಷ್ ಬಿಟ್ಟು ಕಂಪ್ಯೂಟರಿನಲ್ಲೇ ಅಕ್ಷರ ಬಿಡಿಸಲು ಕೂತರು. "ಕುಣಿಯೋಕೆ ಬಾರದವಳಿಗೆ ನೆಲ ಡೊಂಕು, ನನಗೆ ಈ ಇಲಿ ಡೊಂಕು" ಎಂದು ಮೊದಮೊದಲು ನಗುತ್ತಿದ್ದರು. ಆಮೇಲೆ ನಗುವುದನ್ನೂ ಬಿಟ್ಟರು. ನೋಡಲಾರದೆ ಸೊಸೆ, ಅವರು ಸ್ನಾನಕ್ಕೆ ಹೋಗಿದ್ದಾಗ, ಅವರ ಕಂಪ್ಯೂಟರಿಗೆ ಆ ಸಾಫ್ಟ್‌ವೇರ್ ತುಂಬಿ ಚೌಕಕ್ಕೆ ಟಿಕ್ ಹಾಕಿದಳು. ಹೇಳಿದರೆ ನೊಂದುಕೊಳ್ಳುತ್ತಾರೆಂದು ಬಾಯಿಬಿಡಲಿಲ್ಲ. ಒಳ್ಳೆಯವರ ಬುದ್ಧಿ ಅಡ್ಡದಾರಿ ಹಿಡಿಯುವುದೇ ಹೀಗೆ.

ಮಾವ ಚಿಗುರಿಕೊಂಡರು. ಮನೆಗೆ ಬಂದವರಿಗೆಲ್ಲ ಗೆರೆ ಎಳೆದು ತೋರಿಸಿದರು. ಡಾಕ್ಟರು ಹಿಸುಕಲು ಕೊಟ್ಟಿದ್ದ ಚೆಂಡು ಮೂಲೆ ಸೇರಿತು. ಕೈಯಲ್ಲಿದ್ದ ಲೋಟ ತುಳುಕಿದರೆ, "ಲೋಟ ನಡುಗಿದರೇನಂತೆ, ಅಕ್ಷರ ನಡುಗಲ್ವಲ್ಲ!" ಎನ್ನುತ್ತಿದ್ದರು. ಸೊಸೆಗೆ ಅದು ಬಾಯಲ್ಲಿಟ್ಟುಕೊಂಡ ಬಿಸಿ ತುಪ್ಪ. ನುಂಗುವಂತಿಲ್ಲ, ಉಗುಳುವಂತಿಲ್ಲ.

ಒಂದು ಬೆಳಿಗ್ಗೆ ನೋಡಿದರೆ ಮಾವ ಬಣ್ಣದ ಡಬ್ಬಿ, ಬ್ರಷ್ಷು ಹಿಡಿದು ಹೊರಟು ನಿಂತಿದ್ದಾರೆ.

"ದರ್ಜಿ ಹೊಸ ಅಂಗಡಿ ತೆಗೆದಿದ್ದಾನಲ್ಲ, ಗಾಜಿನ ಮೇಲೆ ಹೆಸರು ನಾನೇ ಬರೀತೀನಿ ಅಂತ ಒಪ್ಕೊಂಡೆ."

ಸೊಸೆ ಬಾಗಿಲಿಗೆ ಅಡ್ಡ ಬಂದಳು. ಮಾವನ ಕೈಚಳಕ ನೋಡಲು ಬೀದಿಯೇ ನೆರೆಯುತ್ತದೆ. ಅಷ್ಟು ಜನರೆದುರು ಆ ಕೈ ಮಾನ ಕಳೆಯುತ್ತದೆ.

"ಮಾವ, ಒಂದ್ನಿಮಿಷ ಕೂತ್ಕೊಳ್ಳಿ." ಕಂಪ್ಯೂಟರಿನಲ್ಲಿ ಚೌಕದ ಟಿಕ್ ತೆಗೆದಳು. "ಈಗ ಒಂದು ಗೆರೆ ಎಳೀರಿ."

ಗೆರೆ ಹುಳದ ಹಾಗೆ ಹೊರಳಿತು. ಮತ್ತೊಂದು ಎಳೆದರು. ಅದೂ ಅಷ್ಟೇ.

"ಇಷ್ಟು ದಿನ ಗೆರೆ ನೆಟ್ಟಗೆ ಬೀಳೋ ಹಾಗೆ ನಾನೇ ಮಾಡಿದ್ದು ಮಾವ. ನಿಮಗೆ ಬೇಜಾರಾಗಬಾರ್ದು ಅಂತ..."

ಮಾವ ಮೌಸಿನಿಂದ ಕೈ ತೆಗೆದರು.

"ಕೈ ನಂದು ಕಣಮ್ಮ. ಅದರ ಸುದ್ದಿ ನನಗೇ ಕೊನೇಲಿ ಗೊತ್ತಾಗಬೇಕಾ?"

ಬೈದಿದ್ದರೆ ಅವಳಿಗೆ ಎಷ್ಟೋ ಹಗುರಾಗುತ್ತಿತ್ತು. ಮಾವ ದರ್ಜಿಗೆ ಫೋನ್ ಮಾಡಿ, "ಗಾಜಿನ ಮೇಲೆ ಆಗಲ್ಲಪ್ಪ, ಕೈ ನಡುಗುತ್ತೆ. ಕಂಪ್ಯೂಟರಲ್ಲಿ ಬರೆದು, ಸ್ಟಿಕ್ಕರ್ ಮಾಡಿಸಿ ಅಂಟಿಸಿಕೊಡ್ತೀನಿ" ಎಂದರು. ಹಾಗೆ ಹೇಳುವಾಗ ದನಿ ಮಾತ್ರ ನಡುಗಲಿಲ್ಲ.

"ಮತ್ತೆ ಟಿಕ್ ಹಾಕ್ಲಾ ಮಾವ?"

"ಎಲ್ಲಿದೆ ತೋರಿಸು. ಇನ್ಮೇಲೆ ನಾನೇ ಹಾಕ್ಕೋತೀನಿ."

ತೋರಿಸಿದಳು. ಬಾಣ ಚೌಕದ ಆಚೆ ಬಿತ್ತು, ಈಚೆ ಬಿತ್ತು, ಒಳಗೆ ಮಾತ್ರ ನಿಲ್ಲಲಿಲ್ಲ. ನಡುಗುವ ಕೈಗೆಂದೇ ಮಾಡಿದ ಚೌಕ ನಡುಗುವ ಕೈಗೆ ಸಿಗದಷ್ಟು ಚಿಕ್ಕದಾಗಿತ್ತು. ಆ ಕೈ ತಾನೇ ಅದನ್ನು ಮುಟ್ಟಲು ಬರಬಹುದೆಂದು ಅವಳಿಗೆ ಹೊಳೆದೇ ಇರಲಿಲ್ಲ. ತಡೆಯಲಾರದೆ ಅವಳು ಕೈ ಮುಂದೆ ಚಾಚಿದಳು.

"ಮುಟ್ಬೇಡ," ಎಂದರು ಮಾವ.