ಕಕ್ಕಸಿನ ಕಲೆ, ರಾಮಕ್ಕನ ಉಸಿರು

ರಾಜಗೋಪಾಲನಗರದ ಆ ವಠಾರದಲ್ಲಿ ಮೂರು ಮನೆಗೆ ಒಂದೇ ಕಕ್ಕಸು. ವಾರಕ್ಕೊಂದು ಮನೆಯವರು ತೊಳೆಯುವ ಸರದಿ. ಬೋರ್‌ವೆಲ್ಲಿನ ಗಡಸು ನೀರು ಬಿದ್ದೂ ಬಿದ್ದೂ ಬೇಸಿನ್ನಿನ ಮೇಲೆ ಗಾರೆಯಂಥ ಹಳದಿ ಕಲೆ ಕಟ್ಟಿತ್ತು. ರಾಮಕ್ಕ ತನ್ನ ವಾರದಲ್ಲಿ ಎಷ್ಟು ಉಜ್ಜಿದರೂ ಜಗ್ಗಲಿಲ್ಲ.

"ಉಳಿದೋರ್ ವಾರದಾಗ್ ಇಂಗಿರ್ಲಿಲ್ಲ. ತಿಂಗಳೊಳ್ಗೆ ಬೆಳ್ಳಗಾಗ್ಲಿಲ್ವಾ, ಮನೆ ಖಾಲಿ ಮಾಡ್ಕಳಿ" ಎಂದು ಮನೆ ಓನರ್ ಚಿಕ್ಕಬೈರಪ್ಪ ಎಲ್ಲರೆದುರೇ ಹೇಳಿಹೋದ.

ಗಂಡ ನಲ್ಲಪ್ಪನಿಗೆ ಪೀಣ್ಯದಲ್ಲಿ ಕಬ್ಬಿಣಕ್ಕೆ ಲೇಪ ಹಾಕುವ ಪ್ಲೇಟಿಂಗ್ ಶೆಡ್ಡಿನಲ್ಲಿ ಕೆಲಸ. ಕಬ್ಬಿಣದ ತುಕ್ಕು ತೆಗೆಯುವ ಆಸಿಡ್ಡನ್ನು ಬಾಟಲಿಯಲ್ಲಿ ತಂದುಕೊಟ್ಟ. ವಾಸನೆಗೆಂದು ರಾಮಕ್ಕ ಆಗಲೇ ಬ್ಲೀಚಿಂಗ್ ಪುಡಿ ಚೆಲ್ಲಿದ್ದಳು. ಅದರ ಮೇಲೆಯೇ ಆಸಿಡ್ ಸುರಿದಳು. ಬುಸ್ಸೆಂದು ಹೊಗೆ ಎದ್ದು ಗಂಟಲು ಕಟ್ಟಿತು. ಪಕ್ಕದ ಮನೆಯ ನರ್ಸ್ ಅನುಸೂಯಮ್ಮ ಅಂಗಳಕ್ಕೆ ಎಳೆದು ತರದಿದ್ದರೆ ಅವಳ ಕಥೆ ಅಲ್ಲೇ ಮುಗಿಯುತ್ತಿತ್ತು.

ಆಸ್ಪತ್ರೆಯಿಂದ ಬಂದ ಮೇಲೂ ಮಾತಿಗೊಂದು ಕೆಮ್ಮು. ಕಲೆ ಇನ್ನೂ ಅರ್ಧ ಉಳಿದಿತ್ತು. ನಲ್ಲಪ್ಪ ಮತ್ತೆ ಬಾಟಲಿ ಹಿಡಿದು ಹೊರಟ.

"ಈ ಸಲ ನಾನೇ ಹಾಕ್ತೀನಿ. ಶೆಡ್ಡಲ್ಲಿ ದಿನಾ ಮುಟ್ತೀನಿ, ನಂಗೇನಾಗೈತೆ?"

ಅನುಸೂಯಮ್ಮ ಅಡ್ಡ ನಿಂತಳು. "ನಿಮ್ ಶೆಡ್ಡಿಗೆ ಮೂರು ಕಡೆ ಗೋಡೇನೇ ಇಲ್ಲ ಕಣೋ. ಈ ಕಕ್ಕಸಿಗೊಂದು ಕಿಂಡಿ ಆದ್ರೂ ಐತಾ? ಅದು ಕೊಳೆ ಅಲ್ಲಪ್ಪ, ನೀರಲ್ಲಿರೋ ಸುಣ್ಣ. ಹುಳೀಲಿ ನೆನೆದ್ರೆ ಕರಗ್ತದೆ. ಅಂಗಡೀಲಿ ಅಡುಗೆ ಹುಳಿಗೆ ಹಾಕೋ ನಿಂಬೆ ಉಪ್ಪು ತಗೊಂಬಾ."

"ಆಸಿಡ್ಡಿಗೇ ಪೂರಾ ಹೋಗ್ದಿದ್ದು ಚಿತ್ರಾನ್ನದ ಹುಳೀಗ್ ಹೋಗ್ತದಾ ಅಕ್ಕ?"

"ಒಂದ್ ರಾತ್ರಿ ಬಿಟ್ಟು ನೋಡು. ಆಮೇಲ್ ನಗುವಂತೆ."

ಅನುಸೂಯಮ್ಮ ಮೊದಲು ಬಕೆಟ್‌ಗಟ್ಟಲೆ ನೀರು ಹುಯ್ಯಿಸಿ ಬ್ಲೀಚಿಂಗ್ ಪುಡಿಯ ಸುಳಿವಿಲ್ಲದಂತೆ ತೊಳೆಸಿದಳು. ನಿಂಬೆ ಉಪ್ಪೂ ಹುಳಿಯೇ, ಬ್ಲೀಚಿಂಗ್ ಪುಡಿಯ ಜೊತೆ ಸೇರಿದರೆ ಮತ್ತೆ ಅದೇ ಹೊಗೆ. ಆಮೇಲೆ ಬಿಸಿನೀರಿನಲ್ಲಿ ನಿಂಬೆ ಉಪ್ಪು ಕದಡಿ, ಹಳೇ ಬಟ್ಟೆ ಅದ್ದಿ ಕಲೆಯ ಮೇಲೆ ಹಾಸಿಸಿದಳು. ಬೆಳಿಗ್ಗೆ ನಲ್ಲಪ್ಪ ಬ್ರಷ್ಷಿನಿಂದ ಉಜ್ಜಿದಾಗ ಗಾರೆ ಚೂರುಚೂರಾಗಿ ಎದ್ದುಬಂತು. ಹೀಗೇ ಇನ್ನೆರಡು ರಾತ್ರಿ ನೆನೆಸಿದ ಮೇಲೆ, ಮೂರನೆಯ ಬೆಳಿಗ್ಗೆ ಬೇಸಿನ್ ಬೆಳ್ಳಗಾಯಿತು. ಮನೆ ಉಳಿಯಿತು.

"ಮುಂಚೇನೇ ಅಕ್ಕನ್ ಕೇಳ್ಬೇಕಿತ್ತು ಕಣೇ" ಎಂದ ನಲ್ಲಪ್ಪ. ಉತ್ತರ ಕೊಡಲು ರಾಮಕ್ಕ ಬಾಯಿ ತೆರೆದಳು; ಕೆಮ್ಮು ಬಂತು.

ಅಕ್ಕಂದಿರೇ, ಅಣ್ಣಂದಿರೇ, ಫ್ಯಾಕ್ಟರಿಯ ಆಸಿಡ್ಡನ್ನು ಮನೆಗೆ ತರಬೇಡಿ. ಬ್ಲೀಚಿಂಗ್ ಪುಡಿಯ ಜೊತೆ ಬೇರೇನನ್ನೂ ಬೆರೆಸಬೇಡಿ. ಕಲೆ ಒಂದು ರಾತ್ರಿಗೆ ಹೋಗದಿದ್ದರೆ ಇನ್ನೊಂದು ರಾತ್ರಿ ನೆನೆಯಲಿ. ಅಷ್ಟರಲ್ಲಿ ನಾಲ್ಕು ಜನ ಆಡಿಕೊಂಡರೆ ಆಡಿಕೊಳ್ಳಲಿ, ಕಾಯಿರಿ. ರಾಮಕ್ಕ ಈಗ ಒಂದು ಬಿಂದಿಗೆ ನೀರು ತರಲು ಉಸಿರು ಸಾಲದೆ ಮೂರು ಕಡೆ ನಿಲ್ಲುತ್ತಾಳೆ.