ಎರಡು ಬೆರಳಿನ ಸಡಿಲ

ಬ್ಯಾಂಡಿನವರ ಕೋಟುಗಳು ವಾಪಸು ಬಂದ ದಿನದಿಂದ ನಾನು ಕೂತಲ್ಲಿ ಕೂರಲಿಲ್ಲ, ನಿಂತಲ್ಲಿ ನಿಲ್ಲಲಿಲ್ಲ. ಇಡೀ ಬ್ಯಾಂಡಿಗೆ ಹೊಲಿದುಕೊಟ್ಟ ಕೋಟುಗಳು, ಒಂದೊಂದರ ಕಾಲರೂ ದೊಗಲೆ. ಕತ್ತಿನವರೆಗೆ ಗುಂಡಿ ಹಾಕುವ, ಎದ್ದು ನಿಲ್ಲುವ ಕಾಲರುಗಳು ಅವು. ಬಿಗಿಯಾದರೆ ತುತ್ತೂರಿ ಊದುವವನಿಗೆ ಉಸಿರು ಕಟ್ಟುತ್ತದೆ, ಸಡಿಲವಾದರೆ ಅಪ್ಪನ ಕೋಟು ಹಾಕಿಕೊಂಡ ಮಗುವಿನ ಹಾಗೆ ಕಾಣುತ್ತಾನೆ. ಬ್ಯಾಂಡ್ ಮಾಸ್ತರು ತಮ್ಮದನ್ನು ಹಾಕಿಕೊಂಡೇ ಬಂದಿದ್ದರು. ಕಾಲರಿನೊಳಗೆ ಕೈ ತೂರಿಸಿ ಆಡಿಸಿ ತೋರಿಸಿ, ಇಲ್ಲೊಂದು ಕೋಳಿಮರಿ ಸಾಕಬಹುದು ಎಂದರು. ಹೊಸ ಸೇತುವೆ ತೆರೆಯುವ ದಿನ ಇವನ್ನೇ ಹಾಕಿಕೊಂಡು ಊದಬೇಕಂತೆ. ಅಷ್ಟರೊಳಗೆ ಸರಿಯಾಗದಿದ್ದರೆ ಎದುರು ಅಂಗಡಿಗೆ ಹೋಗುತ್ತಾರಂತೆ.

ಅತ್ತಿಗೆ ಕಾಲರನ್ನು ಹಿಂದೆ ಮುಂದೆ ತಿರುಗಿಸಿ ನೋಡಿದರು. ನನ್ನ ಕಡೆ ನೋಡಲಿಲ್ಲ.

"ಹೊಲಿಗೇಲಿ ಸಡಿಲ ಬಿಟ್ಬಿಟ್ಟಿದ್ದಾಳೆ," ಎಂದರು, ಗಿರಾಕಿಯ ಎದುರಿಗೇ.

ಮೈಯೆಲ್ಲ ಉರಿದುಹೋಯಿತು. ಇದೇನು ಮೊದಲನೇ ಸಲವಲ್ಲ. ಬ್ಯಾಂಕಿನ ಗುಮಾಸ್ತನ ಅಂಗಿ, ಪಕ್ಕದ ಬೀದಿಯ ಮೇಷ್ಟರ ಅಂಗಿ, ಮದುಮಗನೊಬ್ಬನ ಕೋಟು, ಎಲ್ಲವೂ ಕತ್ತಿನ ಹತ್ತಿರ ಸಡಿಲವೆಂದು ವಾಪಸು ಬಂದಿದ್ದವು. ಪ್ರತಿ ಸಲವೂ ಅದು ನನ್ನ ತಲೆಗೇ ಬಂದಿತ್ತು. ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕಿದರಂತೆ. ಎಮ್ಮೆ ನಾನೇ ಎನ್ನುವುದು ಗೊತ್ತಿತ್ತು. ಜ್ವರ ಯಾರಿಗೆ ಎನ್ನುವುದು ಮಾತ್ರ ಆಗ ಗೊತ್ತಿರಲಿಲ್ಲ.

ನಮ್ಮದು ಕೆಳಗೆ ಅಂಗಡಿ, ಮೇಲೆ ಮನೆ. ಅತ್ತಿಗೆ ಅಳತೆ ತೆಗೆದು ಬಟ್ಟೆ ಕತ್ತರಿಸುತ್ತಾರೆ, ನಾನು ಹೊಲಿಯುತ್ತೇನೆ, ಅಣ್ಣ ಇಸ್ತ್ರಿ ಮಾಡುತ್ತಾನೆ. ನಾವಿಬ್ಬರೂ ಜಗಳಕ್ಕೆ ನಿಂತರೆ ಅವನು ಬಟ್ಟೆಗೆ ಇನ್ನಷ್ಟು ನೀರು ಚಿಮುಕಿಸಿ ಹಬೆಯೊಳಗೆ ಮರೆಯಾಗಿಬಿಡುತ್ತಾನೆ. ನನ್ನನ್ನು ಪಟಾಕಿ ಎಂದು ಕರೆಯುವವನೂ ಅವನೇ. ಗಂಡನ ಮನೆ ಬಿಟ್ಟು ಬಂದು ಈ ಮಷೀನಿನ ಮುಂದೆ ಕೂತಾಗ ನಾನಿನ್ನೂ ಹುಡುಗಿ, ಈಗ ತಲೆ ಅರ್ಧ ಬೆಳ್ಳಗಾಗಿದೆ. ಅಷ್ಟು ವರ್ಷವೂ ನನ್ನ ಕಣ್ಣಿದ್ದದ್ದು ಕತ್ತರಿಸುವ ಆ ದೊಡ್ಡ ಮೇಜಿನ ಮೇಲೆ. ಅತ್ತಿಗೆ ಒಂದು ದಿನವೂ ನನ್ನ ಕೈಗೆ ಟೇಪು ಕೊಟ್ಟವರಲ್ಲ. ಕೇಳಿದರೆ ನಿನಗೆ ತಾಳ್ಮೆ ಇಲ್ಲ ಎನ್ನುತ್ತಾರೆ. ತಾಳ್ಮೆ ಇಲ್ಲದವಳು ಇಷ್ಟು ವರ್ಷ ಕಾಯುತ್ತಿದ್ದಳೇ?

ಹಾಗೆಂದು ಅವರ ಕೈಚಳಕವನ್ನು ಅಲ್ಲಗಳೆದರೆ ನನ್ನ ನಾಲಿಗೆ ಸೇದಿಹೋದೀತು. ಕತ್ತಿನ ಅಳತೆ ಎಂದರೆ ಅತ್ತಿಗೆಯದೇ. ಬೇರೆಯವರು ಟೇಪು ಸುತ್ತಿ, ಬಂದ ಅಂಕಿಗೆ ತಮಗೆ ತೋಚಿದಷ್ಟು ಸೇರಿಸಿಕೊಳ್ಳುತ್ತಾರೆ. ಅತ್ತಿಗೆ ಏನನ್ನೂ ಸೇರಿಸುವುದಿಲ್ಲ. ಬಲಗೈಯ ಎರಡು ಬೆರಳನ್ನು ಕತ್ತಿಗೆ ಒತ್ತಿ ಇಟ್ಟು, ಟೇಪನ್ನು ಅವುಗಳ ಮೇಲೆ ಎಳೆಯುತ್ತಾರೆ. ಉಗುಳು ನುಂಗಿ ಎಂದು ಗಿರಾಕಿಗೆ ಹೇಳುತ್ತಾರೆ. ಗಂಟಲು ಬೆರಳಿಗೆ ಹಗುರವಾಗಿ ತಾಗಿ ಹೋಗಬೇಕು. ಆಗ ಟೇಪಿನಲ್ಲಿ ಏನಿದೆಯೋ ಅದೇ ಕಾಲರು. ಟೇಪು ಕತ್ತನ್ನು ಹೇಳುತ್ತದೆ, ಉಸಿರನ್ನು ಹೇಳುವುದಿಲ್ಲ ಎನ್ನುವುದು ಅವರ ಮಾತು. ಈ ಬೀದಿಯಲ್ಲಿ ಆ ಎರಡು ಬೆರಳನ್ನು ನಂಬದವರಿಲ್ಲ.

ಆ ಮಧ್ಯಾಹ್ನ ನನಗೆ ಊಟ ಸೇರಲಿಲ್ಲ. ಒಂದು ಕಾಲರು ಬಿಚ್ಚಿ, ನನ್ನ ಹೊಲಿಗೆಯನ್ನು ಅತ್ತಿಗೆಯ ಸೀಮೆಸುಣ್ಣದ ಗುರುತಿಗೆ ಹಿಡಿದು ನೋಡಿದೆ. ಗೆರೆಯ ಮೇಲೇ ಇತ್ತು. ಇನ್ನೊಂದು ಬಿಚ್ಚಿದೆ. ಅದೂ ಗೆರೆಯ ಮೇಲೇ, ಗೆರೆಯೂ ಅಳತೆಪುಸ್ತಕದ ಅಂಕಿಗೆ ಸರಿಯಾಗಿತ್ತು. ಎದ್ದು ನೀರು ಕುಡಿದೆ, ಬಂದು ಕೂತೆ, ದಾರ ಪೋಣಿಸಿದೆ, ಪೋಣಿಸಿದ ದಾರ ಎಳೆದು ಬಿಸಾಕಿದೆ. ಕಾಲು ಸುಟ್ಟ ಬೆಕ್ಕಿನ ಹಾಗೆ ಯಾಕೆ ಓಡಾಡುತ್ತೀ ಎಂದು ಅಣ್ಣ ಕೇಳಿದ. ಸುಡುತ್ತಿರುವುದು ಕಾಲಲ್ಲ, ಹೊಟ್ಟೆ ಎಂದೆ. ಹೊಲಿಗೆ ಸರಿ, ಕತ್ತರಿಸಿದ್ದೂ ಸರಿ. ಹಾಗಾದರೆ ಉಳಿದದ್ದು ಅಳತೆ. ಅತ್ತಿಗೆಯ ಅಳತೆ ತಪ್ಪು ಎಂದು ನಾನು ಹೇಳಿದರೆ ಯಾರಾದರೂ ನಂಬುತ್ತಾರೆಯೇ? ಕುಣಿಯಲಾರದವಳು ನೆಲ ಡೊಂಕು ಎಂದಳಂತೆ ಎಂದು ನಗುತ್ತಾರೆ, ಅಷ್ಟೇ.

ಮರುದಿನ ಬೆಳಿಗ್ಗೆ ಬ್ಯಾಂಡಿನ ಡ್ರಮ್ಮು ಬಾರಿಸುವವನು ಮತ್ತೊಮ್ಮೆ ಅಳತೆ ಕೊಡಲು ಬಂದ. ನಾನು ಬಾಬಿನ್ನಿಗೆ ದಾರ ಸುತ್ತುವ ನೆಪ ಮಾಡಿಕೊಂಡು ಅತ್ತಿಗೆಯ ಮಗ್ಗುಲಲ್ಲೇ ನಿಂತೆ. ಟೇಪು ಅವನ ಕತ್ತಿನ ಸುತ್ತ ಸಪಾಟಾಗಿ ಬಂದು, ಅತ್ತಿಗೆಯ ಬೆರಳುಗಳ ಹತ್ತಿರ ಬರುತ್ತಲೇ ದಿಣ್ಣೆ ಹತ್ತಿತು. ನಾನು ಬಗ್ಗಿ ನೋಡಿದೆ. ಉಗುರಿನ ಬುಡದ ಗೆಣ್ಣುಗಳ ಮೇಲೆ ಕಡಲೆಕಾಳಿನಷ್ಟು ದಪ್ಪ ಗಂಟುಗಳು. ನಡುಗೆಣ್ಣುಗಳೂ ಊದಿಕೊಂಡಿದ್ದವು. ತೋರುಬೆರಳಿನ ತುದಿ ಒಂದು ಪಕ್ಕಕ್ಕೆ ವಾಲಿತ್ತು. ಅಂಕಿ ಓದಿದ ಮೇಲೆ ಬೆರಳು ಸಲೀಸಾಗಿ ಹೊರಗೆ ಬರಲಿಲ್ಲ, ಗಂಟು ಟೇಪಿಗೆ ಸಿಕ್ಕಿಕೊಂಡಿತು. ಅತ್ತಿಗೆ ತಿರುಚಿ ಎಳೆದುಕೊಂಡರು. ಆ ಗಳಿಗೆಯಲ್ಲಿ ಅವರ ಮುಖ ನೋಡಿದೆ, ತುಟಿಗಳನ್ನು ಒಳಗೆ ಮಡಚಿ ಕಚ್ಚಿಕೊಂಡಿದ್ದರು. ಕೈ ಕೂಡಲೇ ಉದ್ದ ಮೇಲಂಗಿಯ ಜೇಬಿಗೆ ಹೋಯಿತು.

ಒಂದೇ ಮನೆಯಲ್ಲಿದ್ದೂ ಆ ಕೈಗಳನ್ನು ಸರಿಯಾಗಿ ನೋಡಿ ಎಷ್ಟು ಕಾಲವಾಯಿತು ಎಂದು ನನಗೆ ಆಗ ಹೊಳೆಯಿತು. ಕೆಲಸವಿಲ್ಲದಾಗ ಅವು ಜೇಬಿನಲ್ಲಿರುತ್ತಿದ್ದವು, ಇಲ್ಲವೇ ಬಟ್ಟೆಯ ರಾಶಿಯ ಅಡಿಯಲ್ಲಿ.

ಮೊದಲು ಆದದ್ದು ಖುಷಿ, ಸುಳ್ಳು ಯಾಕೆ ಹೇಳಲಿ. ಬೆರಳು ದಪ್ಪವಾಗಿದೆ, ಆದ್ದರಿಂದ ಕಾಲರು ದೊಡ್ಡದಾಗಿದೆ. ತಪ್ಪು ನನ್ನದಲ್ಲ. ಬೀದಿಗೆ ಹೋಗಿ ಕೂಗಬೇಕು ಅನ್ನಿಸಿತು. ಬಾಗಿಲವರೆಗೆ ಹೋಗಿಯೂ ಹೋದೆ. ಅಲ್ಲೇ ನಿಂತುಬಿಟ್ಟೆ. ಪಾಪ, ಅವರಿಗೆ ಇದು ಹೊಳೆದೇ ಇಲ್ಲ, ನಾನು ಯಾವ ಬಾಯಲ್ಲಿ ಹೇಳಲಿ ಎಂದುಕೊಂಡೆ. ಒಳಗೆ ಹೊರಗೆ ತಿರುಗಿ ತಿರುಗಿ ಕೊನೆಗೆ ಅಣ್ಣನ ಇಸ್ತ್ರಿ ಮೇಜಿನ ಮುಂದೆ ನಿಂತೆ.

ಅಣ್ಣ ಇಸ್ತ್ರಿಯಾದ ತೋಳನ್ನೇ ಮತ್ತೆ ಇಸ್ತ್ರಿ ಮಾಡುತ್ತಿದ್ದ. ಅತ್ತಿಗೆಯ ಬೆರಳಿಗೆ ಏನಾಗಿದೆ ಎಂದು ಕೇಳಿದೆ. ಎರಡು ವರ್ಷದ ಹಿಂದೆಯೇ ಡಾಕ್ಟರಿಗೆ ತೋರಿಸಿದ್ದರಂತೆ. ಬೆರಳಿನ ಸಂದುಗಳು ಸವೆದು, ಅಲ್ಲಿ ಮೂಳೆಯೇ ಬೆಳೆದು ಗಂಟು ಕಟ್ಟಿದೆ, ವಯಸ್ಸಾಗುತ್ತ ಹೆಂಗಸರಲ್ಲಿ ಇದು ಹೆಚ್ಚು ಎಂದರಂತೆ. ಗಂಟು ಕರಗುವುದಿಲ್ಲ. ಬಿಸಿನೀರಿನಲ್ಲಿ ಕೈಯಿಡಿ, ಮುಲಾಮು ಹಚ್ಚಿ, ಬೆರಳಿಗೆ ಕೆಲಸ ಕಡಿಮೆ ಮಾಡಿ ಎಂದು ಕಳಿಸಿದರಂತೆ. ಯಾರಿಗೂ ಹೇಳಬಾರದು, ಪಟಾಕಿಗಂತೂ ಹೇಳಲೇಬಾರದು ಎಂದು ಅತ್ತಿಗೆ ಅವನಿಂದ ಮಾತು ತೆಗೆದುಕೊಂಡಿದ್ದರು.

ಕಾಲರಿನ ವಿಷಯ ಅವರಿಗೆ ಗೊತ್ತಾ ಎಂದು ಕೇಳಿದೆ. ಅಣ್ಣ ನೀರಿನ ಬಟ್ಟಲಿಗೆ ಕೈ ಹಾಕಿದ. ನಾನು ಬಟ್ಟಲನ್ನು ಆಚೆ ಎಳೆದೆ.

"ಬ್ಯಾಂಡಿನ ಕೋಟು ವಾಪಸು ಬಂದಾಗ್ಲೇ ಅವಳಿಗೆ ಗೊತ್ತಾಯ್ತು," ಎಂದ.

ಅಲ್ಲಿಗೆ ನನ್ನ ಮರುಕವೆಲ್ಲ ಸುಟ್ಟುಹೋಯಿತು. ಗಂಡ ಹೆಂಡತಿ ಇಬ್ಬರಿಗೂ ಗೊತ್ತಿದ್ದು, ನನ್ನನ್ನು ಬೈಸಿಕೊಳ್ಳಲು ಬಿಟ್ಟು ಸುಮ್ಮನೆ ಕೂತಿದ್ದರು. ಒಂದೇ ಒಲೆಯ ಅನ್ನ ಉಣ್ಣುವ ನಾನು ಯಾರೋ ಹೊರಗಿನವಳಾಗಿದ್ದೆ.

ಅಂಗಡಿಯ ಬಾಗಿಲನ್ನು ಅರ್ಧ ಎಳೆದು ಅತ್ತಿಗೆಯ ಎದುರು ಹೋಗಿ ನಿಂತೆ. ಬಾಯಿಗೆ ಬಂದದ್ದೆಲ್ಲ ಅಂದೆ. ನನ್ನ ಹೊಲಿಗೆಗೆ ನೀವೇ ಮಣ್ಣು ಹಾಕಿದಿರಿ ಎಂದೆ. ಗುಮಾಸ್ತ ನನ್ನನ್ನು ನೋಡಿ ನಕ್ಕಿದ್ದನ್ನು, ಮೇಷ್ಟರು ಬೇರೆ ಹೊಲಿಗೆಯವರನ್ನು ಇಟ್ಟುಕೊಳ್ಳಿ ಎಂದು ಬುದ್ಧಿ ಹೇಳಿಹೋದದ್ದನ್ನು ಎತ್ತಿ ಆಡಿದೆ. ಅತ್ತಿಗೆ ಜೇಬಿನಿಂದ ಕೈ ತೆಗೆಯದೆ ಎಲ್ಲವನ್ನೂ ಕೇಳಿದರು. ಅವರು ಅಳುತ್ತಾರೆ ಎಂದುಕೊಂಡಿದ್ದೆ, ಅಳಲಿಲ್ಲ.

"ನಿನ್ನ ಮೇಲೆ ಹಾಕಿದ್ರೆ ನಿಂಗೇನು ಹೋಗುತ್ತೆ? ನಾಲ್ಕು ಮಾತು," ಎಂದರು. "ನಿನ್ನ ಕೈ ನಿನ್ನ ಹತ್ರಾನೇ ಇರುತ್ತೆ. ನನ್ನ ಮೇಲೆ ಬಂದ್ರೆ ಈ ಅಂಗಡೀಲಿ ನಾನು ಯಾರು, ಹೇಳು."

ಆ ಮಾತಿಗೆ ಸಿಟ್ಟು ಇನ್ನಷ್ಟು ಏರಿತು. ನಾಳೆ ಬ್ಯಾಂಡ್ ಮಾಸ್ತರು ಬಂದಾಗ ಅವರ ಎದುರಿಗೇ ನಿಜ ಹೇಳಬೇಕು, ಹೇಳದಿದ್ದರೆ ನಾನು ಎದುರು ಅಂಗಡಿಯ ಮಷೀನಿನ ಮೇಲೆ ಕೂರುತ್ತೇನೆ, ಅವನು ಬಾ ಬಾ ಎಂದು ಕರೆಯುತ್ತಲೇ ಇದ್ದಾನೆ ಎಂದೆ. ಅತ್ತಿಗೆ ನನ್ನ ಮುಖವನ್ನೇ ನೋಡಿ, "ಹೋಗೋದಾದ್ರೆ ಹೋಗು," ಎಂದರು. ಆ ದಿನ ಮನೆಯಲ್ಲಿ ಜೋರಾಗಿ ಮಾತಾಡಿದ್ದು ಪಾತ್ರೆಗಳು ಮಾತ್ರ, ಅದು ನನ್ನ ಕೆಲಸ.

ಬೆಳಿಗ್ಗೆ ನನ್ನ ಸ್ವಂತ ಕತ್ತರಿ, ಕನ್ನಡಕ, ಸೂಜಿಡಬ್ಬಿ ಎಲ್ಲವನ್ನೂ ಚೀಲಕ್ಕೆ ತುಂಬಿ ಕಾಲಿನ ಹತ್ತಿರ ಇಟ್ಟುಕೊಂಡೆ. ಅತ್ತಿಗೆಗೆ ಕಾಣಲಿ ಎಂದೇ ಇಟ್ಟೆ. ಮಷೀನು ತುಳಿದೆ, ನಿಲ್ಲಿಸಿದೆ, ಎದ್ದು ಬೀದಿ ನೋಡಿದೆ. ಎದುರು ಅಂಗಡಿಯವನು ಬಾಗಿಲು ತೆರೆದು ಧೂಳು ಹೊಡೆಯುತ್ತಿದ್ದ. ನನ್ನನ್ನು ಕಂಡು ಕೈಯೆತ್ತಿದ. ನಾನು ನೋಡದವಳ ಹಾಗೆ ಒಳಗೆ ಬಂದೆ. ಅಲ್ಲಿಗೆ ಹೋಗಬೇಕೆಂಬ ಆಸೆ ನನಗೆ ಚೂರೂ ಇರಲಿಲ್ಲ. ಆದರೆ ಆಡಿದ ಮಾತನ್ನು ನುಂಗುವುದು ನನ್ನ ಜಾತಕದಲ್ಲೇ ಇಲ್ಲ.

ಬ್ಯಾಂಡ್ ಮಾಸ್ತರು ತುತ್ತೂರಿಯವನನ್ನೂ ಡ್ರಮ್ಮಿನವನನ್ನೂ ಕರೆದುಕೊಂಡು ಬಂದರು. ಕೂರಿ ಎಂದರೆ ಕೂರಲಿಲ್ಲ. ಈ ಸಲ ಹೊಲಿಯುವವರು ಯಾರು, ಇದೇ ಅಮ್ಮನಾದರೆ ನಾವು ಒಂದು ಸಲ ಯೋಚನೆ ಮಾಡಬೇಕಾಗುತ್ತದೆ ಎಂದರು. ಅಣ್ಣ ನೀರು ಚಿಮುಕಿಸತೊಡಗಿದ. ಅತ್ತಿಗೆಯ ಕೈಗಳು ಜೇಬಿನಲ್ಲೇ ಇದ್ದವು. ನಾನು ಕಾದೆ. ಇನ್ನು ಕಾಯುವುದರಲ್ಲಿ ಅರ್ಥವಿಲ್ಲ ಅನ್ನಿಸಿ ಬಗ್ಗಿ ಚೀಲದ ಹಿಡಿ ಹಿಡಿದೆ.

"ಹೊಲಿಗೆ ಸರಿಯಾಗೇ ಇತ್ತು," ಎಂದರು ಅತ್ತಿಗೆ. "ಅವಳ ಹೊಲಿಗೆ ಯಾವತ್ತೂ ಸರಿಯಾಗೇ ಇತ್ತು. ಅಳತೆ ನಂದು. ನನ್ನ ಬೆರಳು ಕೆಟ್ಟಿವೆ."

ಹೇಳಿ, ಎರಡೂ ಕೈಗಳನ್ನು ಜೇಬಿನಿಂದ ತೆಗೆದು ಮೇಜಿನ ಮೇಲೆ, ದೀಪದ ಕೆಳಗೆ, ಅಗಲವಾಗಿ ಇಟ್ಟರು. ನಾನು ಹಿಂದಿನ ದಿನ ನೋಡಿದ್ದು ಎರಡೇ ಬೆರಳು. ಹತ್ತೂ ಹಾಗೇ ಇದ್ದವು. ಹಸಿ ಶುಂಠಿಯ ಹಾಗೆ ಗಂಟುಗಂಟು, ಒಂದೊಂದು ಒಂದೊಂದು ದಿಕ್ಕಿಗೆ. ಎಡಗೈಯ ಕಿರುಬೆರಳು ಮೇಜಿಗೆ ತಾಗುತ್ತಲೇ ಇರಲಿಲ್ಲ, ನೆಟ್ಟಗಾಗದೆ ಮೇಲೆಯೇ ನಿಂತಿತ್ತು. ಈ ಕೈಯಲ್ಲಿ ದಪ್ಪ ಉಣ್ಣೆಬಟ್ಟೆ ಕತ್ತರಿಸಿದ್ದಾರೆ, ಗುಂಡುಸೂಜಿ ಚುಚ್ಚಿದ್ದಾರೆ, ನನ್ನ ಬಟ್ಟೆಯನ್ನೂ ಒಗೆದಿದ್ದಾರೆ. ನಾನು ಚೀಲ ಕೆಳಗಿಟ್ಟೆ.

ಮಾಸ್ತರು ಗಂಟಲು ಸರಿಮಾಡಿಕೊಂಡರು. ನೋವಿದೆಯೇ ಎಂದು ಕೇಳಿದರು. ಇದೆ ಎಂದರು ಅತ್ತಿಗೆ. ಹಾಗಾದರೆ ಅಳತೆ ತೆಗೆಯುವವರು ಯಾರು ಎಂದು ಕೇಳಿದರು. ಅತ್ತಿಗೆ ಟೇಪನ್ನು ಮಣಿಕಟ್ಟಿನಿಂದ ನನ್ನ ಕಡೆ ನೂಕಿದರು.

ಎಷ್ಟೋ ವರ್ಷದಿಂದ ಬಯಸಿದ್ದು ಅದು. ಕೈಗೆ ಬಂದಾಗ ಗೆದ್ದೆ ಅನ್ನಿಸಬೇಕಿತ್ತಲ್ಲ, ಯಾರದೋ ಎಲೆಯಿಂದ ಎತ್ತಿಕೊಂಡ ಹಾಗನ್ನಿಸಿತು. ಮಾಸ್ತರರ ಕತ್ತಿಗೆ ಎರಡು ಬೆರಳಿಟ್ಟು ಟೇಪು ಎಳೆದೆ. ಅಂಕಿ ಹೇಳಿದೆ. ಅತ್ತಿಗೆ ಟೇಪಿನ ಕಡೆ ನೋಡಲೇ ಇಲ್ಲ, ಮಾಸ್ತರರ ಗಂಟಲನ್ನೇ ನೋಡುತ್ತಿದ್ದರು.

"ಒಂದು ನೂಲು ಜಾಸ್ತಿ ಬಿಡು," ಎಂದರು. "ನಿನ್ನ ಬೆರಳು ಸಣ್ಣ."

ಇಂಚಿನಲ್ಲಿ ಎಂಟನೇ ಒಂದು ಪಾಲು ಆ ನೂಲು. ಅದಕ್ಕೂ ತಕರಾರೇ ಎಂದು ರೇಗಿ, ಮಾಸ್ತರರಿಗೆ ಉಗುಳು ನುಂಗಲು ಹೇಳಿದೆ. ಗಂಟಲು ನನ್ನ ಬೆರಳನ್ನು ಒತ್ತಿ ಹೋಯಿತು, ಕೆಮ್ಮಿದರು. ಹಾಳಾದ್ದು, ಅತ್ತಿಗೆ ಹೇಳಿದ್ದೇ ಸರಿ. ನಾನು ಟೇಪನ್ನು ಒಂದು ನೂಲು ಸಡಿಲ ಬಿಟ್ಟೆ. ಈಗ ಸಲೀಸಾಗಿ ನುಂಗಿದರು. ಉಳಿದಿಬ್ಬರ ಅಳತೆಯನ್ನೂ ಹಾಗೇ ತೆಗೆದೆವು, ಬೆರಳು ನನ್ನದು, ಕಣ್ಣು ಅವರದು. ನಾಳೆ ಮಿಕ್ಕವರನ್ನು ಕಳಿಸುತ್ತೇನೆ ಎಂದು ಹೇಳಿ ಮಾಸ್ತರು ಹೊರಟರು.

ಕಾಲರಿನ ಬಟ್ಟೆ ತೆಗೆದುಕೊಂಡು ಮೇಜಿನ ಹತ್ತಿರ ಬಂದೆ. ಅತ್ತಿಗೆಯ ಕೈಗಳು ಇಟ್ಟಲ್ಲೇ ಇದ್ದವು. ನನ್ನ ಸಿಟ್ಟೇನೂ ಪೂರ್ತಿ ಇಳಿದಿರಲಿಲ್ಲ. ಕೈ ತೆಗೀರಿ ಅತ್ತಿಗೆ, ಬಟ್ಟೆ ಹಾಸಬೇಕು ಎಂದು ಸ್ವಲ್ಪ ಗಡುಸಾಗಿಯೇ ಹೇಳಿದೆ.

"ಇನ್ನೊಂದು ಸ್ವಲ್ಪ ಹೊತ್ತು ಇರ್ಲಿ ಬಿಡೇ," ಎಂದರು. "ಬಚ್ಚಿಟ್ಟು ಬಚ್ಚಿಟ್ಟು ಸಾಕಾಗಿದೆ."

ನಾನು ಮೇಜಿನ ಆ ಕಡೆಗೆ ಹೋಗಿ, ಉಳಿದ ಜಾಗದಲ್ಲಿ ಬಟ್ಟೆ ಹಾಸಿಕೊಂಡೆ.